ಕೇಳದೆ ತೊಡಿಸಿದ ಬಳೆ

ಸುರಪುರದ ರಂಗಂಪೇಟೆಯಲ್ಲಿ ಕುಬ್ರಾಬೇಗಂ ಗೊತ್ತಿಲ್ಲ ಅಂದವರು ಊರಿಗೆ ಹೊಸಬರೇ ಇರಬೇಕು. ಅವಳು ಮಾಡುತ್ತಿದ್ದುದು ಅರಗಿನ ಬಳೆ, ಆದರೆ ಅರಗು ಅಂಗಡಿಯದಲ್ಲ. ಮನುಷ್ಯರ ಎದೆಯೊಳಗಿನದನ್ನು ಮಣಿಕಟ್ಟು ಹಿಡಿದು ಕೈಯಿಂದ ಇಳಿಸಿಕೊಳ್ಳುವ ವಿದ್ಯೆ ಅವಳದು. ಸಿಟ್ಟು ಇಳಿಸಿದರೆ ಕಬ್ಬಿಣದ ಪುಡಿ, ಅಂಜಿಕೆ ಇಳಿಸಿದರೆ ಗಾಜು, ಪ್ರೀತಿ ಇಳಿಸಿದರೆ ಕೆಂಪು ಅರಗು. ಇಳಿಸಿಕೊಟ್ಟವರಲ್ಲಿ ಅದು ಮತ್ತೆ ಇರುವುದಿಲ್ಲ. ಬಳೆ ಕೈಯಲ್ಲಿರುವ ತನಕ ತೊಟ್ಟವರ ಎದೆಗೆ ಹೋಗಿ ಕೂರುತ್ತದೆ. ಮಲಮಗನನ್ನು ಮುದ್ದಿಸಲು ಬಾರದ ಕೆಂಭಾವಿಯ ಬಸವೇಶ್ವರಿ ಯಾವುದೋ ತಾಯಿಯ ಪ್ರೀತಿಯ ಬಳೆ ತೊಟ್ಟು ಹೋದವಳು, ಆಮೇಲೆ ಆ ಹುಡುಗನನ್ನು ಕಂಕುಳಿಂದ ಇಳಿಸಲೇ ಇಲ್ಲವಂತೆ.

ಆದರೆ ಈ ಕಸುಬಿಗೆ ಒಂದು ಕಟ್ಟಳೆ ಇತ್ತು. ಯಾರ ಕೈಗೂ ಕೇಳದೆ ಬಳೆ ಏರಿಸುವಂತಿಲ್ಲ. "ಇದು ಪರರ ಪ್ರೀತಿ ಅದವ್ವ, ಗೊತ್ತಿದ್ದು ಹಾಕ್ಕೋತಿಯೇನು?" ಅಂತ ಕುಬ್ರಾಬೇಗಂ ಕೇಳುತ್ತಿದ್ದಳು. ಗಿರಾಕಿ ಒಂಚೂರು ತಡವರಿಸಿದರೂ ಬಳೆ ತೆಗೆದು ಒಳಗಿಡುತ್ತಿದ್ದಳು. ಇಷ್ಟು ನಿಯತ್ತಿನ ತಾಯಿಯ ಹೊಟ್ಟೆಯಲ್ಲಿ ಹುಟ್ಟಿದೆ ಅಂತ ಮಗಳು ಫರ್ಹತಳಿಗೆ ಸಣ್ಣ ಜಂಬವೂ ಇತ್ತು.

ಫರ್ಹತಳಿಗೆ ಮದುವೆ ಬೇಡವಾಗಿತ್ತು. ತಾಯಿಯ ವಿದ್ಯೆ ಕಲಿತು ರಂಗಂಪೇಟೆಯಲ್ಲೇ ಕೂರಬೇಕು ಅನ್ನುವುದೊಂದೇ ಆಸೆ. ಕುಬ್ರಾಬೇಗಂ ಕೇಳಲಿಲ್ಲ. ಶಹಾಪುರದಲ್ಲಿ ಶಾಮಿಯಾನ ಬಾಡಿಗೆ ಕೊಡುವ ಅಜರುದ್ದೀನನ ಜೊತೆ ನಿಕಾಹ್ ಗೊತ್ತು ಮಾಡಿಯೇಬಿಟ್ಟಳು. ಹುಡುಗಿ ಊಟ ಬಿಟ್ಟಳು, ಬಾಗಿಲು ಹಾಕಿಕೊಂಡು ಅತ್ತಳು. ನಿಕಾಹ್ ದಿನ ಬೆಳಿಗ್ಗೆ ತಾಯಿ ಬಂದು ತಲೆ ಸವರಿ ಕೈಗೊಂದು ಬಳೆ ಏರಿಸಿದಳು; ಮದುವೆಯ ಬಳೆ ಅಂದುಕೊಂಡಳು ಮಗಳು. ಆಮೇಲೆ ಫರ್ಹತ ನಗುತ್ತಲೇ ಶಹಾಪುರಕ್ಕೆ ಹೋದಳು. "ಹುಡಿಗ್ಯಾರ ಅಳು ಇಷ್ಟೇ ನೋಡ್ರಿ" ಅಂತ ಓಣಿಯ ಹೆಂಗಸರು ಬಾಯಿಗೆ ಸೆರಗು ಹಿಡಿದು ನಕ್ಕರು.

ಮೂರು ವರ್ಷ ಅವಳು ಗಂಡನ ಗಾಡಿಯ ಸದ್ದಿಗೆ ಎದ್ದು ಬಾಗಿಲಿಗೆ ಬಂದಳು. ಮೊನ್ನೆ ಒಲೆಯಿಂದ ಹಂಚು ಇಳಿಸುವಾಗ ಬಳೆ ಬಿಸಿಗೆ ತಾಗಿ ಎರಡು ತುಂಡಾಗಿ ಬಿತ್ತು. ಫರ್ಹತ ತಲೆ ಎತ್ತಿದಳು. ಎದುರಿಗೆ ಒಬ್ಬ ಗಂಡಸು ರೊಟ್ಟಿ ಮುರಿದು ತಿನ್ನುತ್ತಿದ್ದ. ಇವನು ನನ್ನ ಮನೆಯಲ್ಲಿ ಯಾಕೆ ಕೂತಿದ್ದಾನೆ ಅನ್ನಿಸಿತು ಅವಳಿಗೆ.

ಬಳೆಗಾರ್ತಿಯ ಮಗಳಲ್ಲವೇ, ಪರೀಕ್ಷೆ ಗೊತ್ತಿತ್ತು. ಪ್ರೀತಿಯ ಅರಗನ್ನು ಕಾಸಿದರೆ, ಆ ಪ್ರೀತಿ ಯಾರ ಮೇಲಿನದೋ ಅವರ ವಾಸನೆ ಬರುತ್ತದೆ. ಗಂಡ ಕೆಲಸಕ್ಕೆ ಹೋದ ಮೇಲೆ ಒಂದು ಚೂರನ್ನು ಬೆಂಕಿಗೆ ಹಿಡಿದಳು. ಸಾಗವಾನಿ ಮರದ ಹೊಟ್ಟಿನ ವಾಸನೆ, ಜೊತೆಗೆ ಬೀಡಿ. ಅವಳ ಅಬ್ಬಾ, ಮಗಳ ಮದುವೆಗೂ ಮೊದಲೇ ತೀರಿಹೋದ ಬಡಗಿ ಬಾಷುಮಿಯಾ! ಅವನನ್ನು ಗಂಡ ಅಂತ ಪ್ರೀತಿಸಿದವಳು ಲೋಕದಲ್ಲಿ ಒಬ್ಬಳೇ.

ಬೇಲಿಯೇ ಎದ್ದು ಹೊಲ ಮೇಯ್ದರೆ ಯಾರಿಗೆ ಹೇಳಬೇಕು? ಫರ್ಹತ ತುಂಡುಗಳನ್ನು ಸೆರಗಿಗೆ ಕಟ್ಟಿಕೊಂಡು ಸುರಪುರದ ಬಸ್ಸು ಹತ್ತಿದಳು.

"ಗಿರಾಕಿಗೋಳಿಗೆಲ್ಲ ಕೇಳ್ತಿ. ಹೆತ್ತ ಮಗಳಿಗೆ ಯಾಕ ಕೇಳಲಿಲ್ಲ ಅಮ್ಮೀ?" ತುಂಡುಗಳನ್ನು ಚಾಪೆಯ ಮೇಲೆ ಎಸೆದಳು.

ಕುಬ್ರಾಬೇಗಂ ಸುಳ್ಳು ಹೇಳಲಿಲ್ಲ. "ಕೇಳಿದ್ರ ನೀ ಬ್ಯಾಡ ಅಂತಿದ್ದಿ."

"ಅಂತಿದ್ದೆ!"

"ಅಜರುದ್ದೀನ ಛಲೋ ಮನಶ್ಯಾ ಅದಾನ, ಬೇಟಿ. ನೀ ಸುಖದಿಂದ ಇದ್ದಿಲ್ಲೇನು?"

"ಛಲೋ ಅದಾರ. ಅದಕ್ಕs ನನಗ ಸಂಕಟ ಆಗಾಕತ್ತದ. ಆ ಮನಶ್ಯಾಗೂ ಮೋಸ ಮಾಡೀದಿ. ನಾ ನಕ್ಕದ್ದು ಖರೇನೋ ಸುಳ್ಳೋ ನನಗs ತಿಳೀವಲ್ದು."

ತಾಯಿ ಇದ್ದಿಲ ಶೇಗಡಿ ಊದಿದಳು, ಅರಗು ಕಾಸಿದಳು, ಬಳೆಯನ್ನು ಕೂಡಿಸಿ ಮಗಳ ಮುಂದೆ ಹಿಡಿದಳು. ಫರ್ಹತ ಕೈ ಹಿಂದೆಳೆದುಕೊಂಡಳು.

"ನಿನ್ನ ಪ್ರೀತಿ ಅಲ್ಲೇನು ಇದು? ನೀನೇ ಹಾಕ್ಕೋ."

ಕುಬ್ರಾಬೇಗಂ ಹಿಂದೆ ಸರಿದಳು. "ನನಗ ಬ್ಯಾಡ. ಇಷ್ಟು ವರ್ಷದ ಅಳು ಒಮ್ಮೆಲೇ ಬರತದ. ನಾ ತಾಳಂಗಿಲ್ಲ."

ತನ್ನ ಮದುವೆಯ ನಂತರ ಬಂದ ಅಬ್ಬಾನ ವರ್ಷದ ಫಾತಿಹಾ ದಿನ ಈ ತಾಯಿ ಕಣ್ಣು ಒದ್ದೆಯಾಗದೆ ಬಿರಿಯಾನಿ ಬಡಿಸಿದ್ದು ಫರ್ಹತಳಿಗೆ ಈಗ ಅರ್ಥವಾಯಿತು. ಪ್ರೀತಿಯನ್ನು ಇಳಿಸಿದರೆ ಅಗಲಿಕೆಯ ನೋವೂ ಇಳಿಯುತ್ತದಲ್ಲ!

"ಹಂಗಾದ್ರ ನನ್ನ ಸಲುವಾಗಿ ಅಲ್ಲ. ನಿನ್ನ ಭಾರ ನನ್ನ ಕೈಗೆ ದಾಟಿಸೀದಿ."

"ಎರಡೂ," ಅಂದಳು ತಾಯಿ, ನೆಲ ನೋಡುತ್ತ.

ಆ ಒಂದು ಮಾತಿಗೆ ಫರ್ಹತಳಲ್ಲಿ ಉಳಿದಿದ್ದ ಮರುಕವೂ ಸತ್ತಿತು. ಬಳೆ ಕಿತ್ತುಕೊಂಡು ತಾಯಿಯ ಕೈ ಹಿಡಿದಳು. ಕುಬ್ರಾಬೇಗಂ ಮುಷ್ಟಿ ಬಿಗಿದಳು. ಬಿಗಿದ ಕೈಗೆ ಬಳೆ ಏರಿಸುವಾಗ ಹೆಬ್ಬೆರಳ ಬುಡವನ್ನು ಒತ್ತಬೇಕು ಅಂತ ಅವಳೇ ಕಲಿಸಿದ್ದು. ಫರ್ಹತ ಒತ್ತಿದಳು. ಬಳೆ ಏರಿತು.

ಅಂಗಳದಲ್ಲಿ ಈಗಷ್ಟೇ ಹೆಣ ಇಳಿಸಿದ್ದಾರೆ ಅನ್ನುವ ಹಾಗೆ ಕುಬ್ರಾಬೇಗಂ ಬಾಷುಮಿಯಾನ ಹೆಸರು ಹಿಡಿದು ಬೋರ್ಯಾಡಿ ಅತ್ತಳು.

ಹೊರಗೆ ಗಾಡಿ ನಿಂತಿತು. ಹೆಂಡತಿಯನ್ನು ಹುಡುಕಿಕೊಂಡು ಶಹಾಪುರದಿಂದ ಬಂದ ಅಜರುದ್ದೀನ ಗಾಬರಿಯಿಂದ ಒಳಗೆ ಇಣುಕಿದ. "ಏನಾತು? ಅಮ್ಮೀ ಯಾಕ ಅಳಾಕತ್ತಾರ?"

"ಅಬ್ಬಾನ ನೆನಪಾಗ್ಯಾದ."

"ನಡಿ, ಅವರನ್ನೂ ಕರ್ಕೊಂಡು ನಮ್ಮ ಮನಿಗೆ ಹೋಗೂಣು."

ಫರ್ಹತ ಅವನ ಮುಖ ನೋಡಿದಳು. ಒಳ್ಳೆಯ ಮುಖ. ದಾರಿ ಕೇಳಲು ನಿಲ್ಲಿಸಿದರೆ ಸಮಾಧಾನದಿಂದ ಹೇಳಿ ಕಳಿಸುವಂಥ ಮುಖ. ಅದಕ್ಕಿಂತ ಹೆಚ್ಚಿನದನ್ನು ಅವಳು ಹುಡುಕಿದಳು, ಸಿಗಲಿಲ್ಲ.

"ನೀವು ಹೋಗ್ರಿ. ನಾ ಇಲ್ಲೇ ಇರ್ತೀನಿ."

"ಆತು ತಗೋ. ಅಮ್ಮೀಗ ಸಮಾಧಾನ ಆಗಲಿ, ನಾಳೆ ಬರ್ತೀನಿ," ಅಂದ ಅಜರುದ್ದೀನ. ಅತ್ತೆಯ ಸಲುವಾಗಿ ಉಳಿದಳು ಅಂದುಕೊಂಡು ಹೋದ.

ಒಳಗಿನಿಂದ ಕುಬ್ರಾಬೇಗಂ ಮಗಳನ್ನು ಕೂಗಿ ಕರೆಯುತ್ತಿದ್ದಳು. ಫರ್ಹತ ಹೊಸ್ತಿಲಲ್ಲೇ ಕೂತಿದ್ದಳು. ಒಳಗೆ ಹೋಗಿ ಆ ಕಣ್ಣೀರು ಒರೆಸಲು ಅವಳಿಗೆ ಮನಸ್ಸೇ ಬರಲಿಲ್ಲ.