ಮೂರನೇ ಚೀಲ

ಜಪಮಾಲೆಯನ್ನು ತೀರಿಕೊಂಡ ಅಪ್ಪನ ಬೆರಳುಗಳಿಗೆ ಸುತ್ತಲು ಹೊನೋರಾ ಹೆಣಗುತ್ತಿದ್ದಳು. ಮಣಿಗಳು ಮತ್ತೆ ಜಾರಿ ಅವನ ಎದೆಯ ಮೇಲೆ ಬಿದ್ದವು.

"ಬಿಡು ಮಗಾ," ಎಂದಳು ಪಕ್ಕದ ಮನೆಯ ಡೀಲಿಯಾ ಅಜ್ಜಿ, ಕಿವಿ ಮಂದವಾದವರ ದೊಡ್ಡ ದನಿಯಲ್ಲಿ. "ಬಿಷಪ್ಪರ ಮುಂದೇನೇ ಬಗ್ಗದ ಬೆರಳು, ಈಗ ನಿನ್ನ ಮಾತು ಕೇಳ್ತಾವಾ?"

ಹತ್ತರಲ್ಲಿ ಏಳು ಮುರಿದು ಕೂಡಿದ ಬೆರಳುಗಳು. ಕೈಗವಸಿಲ್ಲದ ಕಾಲದಲ್ಲಿ ದಾಂಡಿಗನ ಹಿಂದೆ ಕೂತು ಬರಿಗೈಯಲ್ಲಿ ಚೆಂಡು ಹಿಡಿದವನು ಮಲಾಕಿ ಟಿಯರ್ನಿ. ಹೋಲಿಯೋಕ್ ಊರಿನ ಆ ಗಿರಣಿ ಬೀದಿಯಲ್ಲಿ ಬೇಸ್‌ಬಾಲ್ ಆಡಿ ಸಂಬಳ ತಂದವರಲ್ಲಿ ಅವನೇ ಮೊದಲಿಗ. ಬೆರಳು ಸೋತ ಮೇಲೆ ಅಂಪೈರ್ ಆದ.

ಅಡುಗೆಮನೆಯಲ್ಲಿ ಗಂಡಸರು ಪೈಪು ಸೇದುತ್ತ ಕಾಯುತ್ತಿದ್ದರು. ಪೆಟ್ಟಿಗೆ ಹೊರಲು ಐದು ಹೆಗಲು ಸಿಕ್ಕಿದ್ದವು. ಆರನೆಯದು ಹೆಂಡತಿಯ ಕಡೆಯದಾಗಬೇಕೆಂಬುದು ಅವರ ರೂಢಿ. ಆ ಕಡೆ ಉಳಿದವನು ಹೊನೋರಾಳ ಅಮ್ಮನ ತಮ್ಮ ಬಾರ್ಟ್ಲಿ ಒಬ್ಬನೇ. ಹದಿಮೂರು ವರ್ಷದಿಂದ ಅವನು ಈ ಹೊಸ್ತಿಲು ತುಳಿದಿರಲಿಲ್ಲ.

"ಅವನೆಲ್ಲಿ ಬರ್ತಾನೆ," ಎಂದ ಒಬ್ಬ. "ಭಾವ ಎದುರಿಗೆ ಕಂಡ್ರೆ ಆಚೆ ಬದಿಗೆ ದಾಟ್ತಿದ್ದೋನು."

"ದಾಟದೆ ಇನ್ನೇನು? ಊರೆಲ್ಲ ನೋಡೋವಾಗ ಸ್ವಂತ ಬಾಮೈದನ್ನೇ ಔಟ್ ಅಂದ್ಬಿಟ್ರೆ."

* * *

ಆಗ ಹೊನೋರಾಗೆ ಹದಿನೈದು. ನದಿಯಾಚೆಯ ಊರಿನ ಮೇಲೆ ಕೊನೆಯ ಪಂದ್ಯ. ಮೂರು ಮೂಲೆಯ ಮೂರು ಚೀಲಗಳನ್ನು ಒಂದೊಂದಾಗಿ ತುಳಿದು ಬಂದು, ಹೊರಟ ಜಾಗದ 'ಮನೆ' ಹಲಗೆ ಮುಟ್ಟಿದರೆ ಒಂದು ಓಟ. ಆ ಒಂದು ಓಟ ಬಂದಿದ್ದರೆ ಊರು ಗೆಲ್ಲುತ್ತಿತ್ತು. ಚೆಂಡು ಬಲಗಡೆಯ ಬೇಲಿಗೆ ಹೋಯಿತು. ಇದ್ದವನು ಒಬ್ಬನೇ ಅಂಪೈರ್, ಮಲಾಕಿ. ಚೆಂಡನ್ನು ನೋಡುತ್ತ, ಮೂರನೇ ಚೀಲಕ್ಕೆ ಬೆನ್ನು ಹಾಕಿ ನಿಂತಿದ್ದ. ಬಾರ್ಟ್ಲಿ ಧೂಳೆಬ್ಬಿಸಿಕೊಂಡು ಬಂದು ಮನೆ ಮುಟ್ಟಿದ.

"ಔಟ್," ಎಂದ ಮಲಾಕಿ. "ಮೂರನೇ ಚೀಲ ತುಳೀಲಿಲ್ಲ."

"ತುಳಿದೆ ಭಾವ. ನನ್ನಕ್ಕನಾಣೆ."

ಬಾಟಲಿಗಳು ಹಾರಿ ಬಂದವು. ಮಲಾಕಿ ಬಗ್ಗಿ, ಜನರಿಗೆ ಬೆನ್ನು ತೋರಿಸಿಕೊಂಡೇ ಮನೆಯ ಹಲಗೆಯ ಧೂಳು ಗುಡಿಸಿದ. ಹಣೆಯ ರಕ್ತ ಒರೆಸಿಕೊಳ್ಳದೆ ನಡುಬೀದಿಯಲ್ಲೇ ನಡೆದು ಬಂದ.

ಅವನ ಗಾಯ ತೊಳೆಯುತ್ತ ಹೊನೋರಾ ಕೇಳಿದಳು: "ಆ ಕಡೆ ತಿರುಗಿ ನಿಂತಿದ್ಯಲ್ಲಪ್ಪ, ಹೇಗೆ ಗೊತ್ತಾಯ್ತು?"

"ಮೊದಲನೇ ಚೀಲ ದಪ್ ಅಂತು. ಎರಡನೇದೂ ಅಂತು. ಮೂರನೇದು ಅನ್ನಲಿಲ್ಲ."

"ಅಷ್ಟು ಜನ ಕಿರಚ್ತಿರೋವಾಗ?"

ಅಪ್ಪ ಅವಳ ಮುಖ ನೋಡಿದ. ಮಗಳೂ ನಂಬಲಿಲ್ಲವೆಂದು ಅವನಿಗೆ ತಿಳಿಯಿತು. ಆ ನೋಟವನ್ನು ಅವಳು ಅಂದಿನಿಂದ ಮರೆತಿರಲಿಲ್ಲ. ಅವನ ಮೇಲೆ ಮಣ್ಣು ಬೀಳುವ ಮುಂಚೆ ಯಾರಾದರೂ ನಿಜ ಹೇಳಲಿ ಎಂದಷ್ಟೇ ಅವಳು ಬೇಡಿಕೊಂಡಿದ್ದಳು.

* * *

ಪೆಟ್ಟಿಗೆ ಎತ್ತುವ ಹೊತ್ತಿಗೆ ಬಾರ್ಟ್ಲಿ ಟೊಪ್ಪಿ ಕೈಯಲ್ಲಿ ಹಿಡಿದು ಬಾಗಿಲಲ್ಲಿ ನಿಂತಿದ್ದ.

"ಏನಪ್ಪಾ, ದಾರಿ ತಪ್ಪಿ ಬಂದ್ಯಾ?" ಎಂದಳು ಡೀಲಿಯಾ ಅಜ್ಜಿ.

ಅವನು ಪೆಟ್ಟಿಗೆಯ ಮುಂದಿನ ಎಡಮೂಲೆಗೆ ಹೆಗಲು ಕೊಟ್ಟ.

ಚರ್ಚಿನ ಪೂಜೆ ಮುಗಿಸಿ ಹೊರಟವರು ಹಳೇ ಆಟದ ಬಯಲಿನ ಹತ್ತಿರ ಬಂದಾಗ, ಪೆಟ್ಟಿಗೆ ಒದಗಿಸಿದ ಪೇಟೆಯವನು ಕೈ ತೋರಿಸಿದ. "ಹೀಗೇ ಅಡ್ಡ ಹಾಯ್ದುಬಿಡಿ, ಗೋರಿಗಳು ಅಲ್ಲೇ ಕಾಣ್ತಾವೆ. ಸುತ್ತಿದ್ರೆ ಅರ್ಧ ಮೈಲಿ, ಕಾಲ ಕೆಳಗೆ ಬರೀ ಹಿಮ."

"ನಮ್ಮಲ್ಲಿ ಹೆಣಾನ ಅಡ್ಡದಾರೀಲಿ ಒಯ್ಯೋದಿಲ್ಲ," ಎಂದ ಹಿಂದೆ ಹೆಗಲು ಕೊಟ್ಟಿದ್ದ ಮುದುಕ. ಆದರೆ ಅವನ ಕಾಲು ನಡುಗುತ್ತಿತ್ತು. "ಇವತ್ತೊಂದಿನ ಹೋದ್ರೆ ಏನೋಪ್ಪ..."

"ಬೇಡ," ಎಂದ ಬಾರ್ಟ್ಲಿ. "ಸುತ್ತೇ ಹೋಗೋಣ. ಈ ಬಯಲಲ್ಲಿ ನಾನೊಂದ್ಸಲ ಅಡ್ಡ ಹಾಯ್ದಿದ್ದೀನಿ."

ಎಲ್ಲರೂ ನಿಂತರು.

"ಮೂರನೇ ಚೀಲಕ್ಕಿಂತ ಒಂದು ಮಾರು ಒಳಗೇ ತಿರುಗಿಬಿಟ್ಟೆ. ಅವನ ಬೆನ್ನು ಕಾಣ್ತಿತ್ತು, ಯಾರು ನೋಡ್ತಾರೆ ಅಂದ್ಕೊಂಡೆ. ಅಕ್ಕನ ಮೇಲೆ ಸುಳ್ಳು ಆಣೆ ಇಟ್ಟೋನು ಅವಳ ಮನೆಗೆ ಯಾವ ಮುಖ ಹೊತ್ಕೊಂಡು ಬರ್ಲಿ?" ಪೆಟ್ಟಿಗೆಯಡಿಯಿಂದ ಅವನು ಅಕ್ಕನ ಮಗಳತ್ತ ಕತ್ತು ಹೊರಳಿಸಿದ. "ಅದು ಹೇಗೆ ಕಂಡಿತೋ ಅವನಿಗೆ, ಇವತ್ತಿಗೂ ನಂಗೆ ತಿಳೀದು ಕಣೆ."

"ಕಾಣಲಿಲ್ಲ ಮಾವ," ಎಂದಳು ಹೊನೋರಾ. ಅವಳ ದನಿ ಸಣ್ಣಗಾಗಿತ್ತು. "ನಿನ್ನ ಹೆಜ್ಜೆ ಕೇಳ್ತಿದ್ದ."

ಹೊತ್ತವರು ಬಯಲಿನ ಅಂಚು ಹಿಡಿದು ಸುತ್ತಿದರು. ದಾರಿ ತಿರುಗುವ ಮೂಲೆಯಲ್ಲಿ, ಮೂರನೇ ಚೀಲ ಕಟ್ಟುತ್ತಿದ್ದ ಹಳೇ ಗೂಟದ ಬಳಿ, ಬಾರ್ಟ್ಲಿ ಅರೆಗಳಿಗೆ ನಿಂತ. ಆಮೇಲೆ ಹೆಗಲ ಭಾರವನ್ನೆಲ್ಲ ಒಂದು ಕಾಲಿಗೆ ಬಿಟ್ಟು, ಹೆಪ್ಪುಗಟ್ಟಿದ ನೆಲ ದಪ್ ಅನ್ನುವಂತೆ ತುಳಿದ.

ಎಲ್ಲರಿಗಿಂತ ಹಿಂದೆ ಕೋಲೂರಿಕೊಂಡು ಬರುತ್ತಿದ್ದ, ಕಿವಿ ಮಂದದ ಡೀಲಿಯಾ ಅಜ್ಜಿಯೂ ಆ ಸದ್ದಿಗೆ ತಲೆಯೆತ್ತಿದಳು.