ಕಡ ತಂದ ನೀಲಿ

ಈ ಪರದೆ ಹಸಿರೂ ಅಲ್ಲ, ನೀಲಿಯೂ ಅಲ್ಲ, ನನ್ನ ಅಂಗಡಿಯಲ್ಲಾದರೆ ಇದಕ್ಕೆ ರಾಮಾ ಗ್ರೀನ್ ಅನ್ನುತ್ತೇವೆ, ಬ್ಲೌಸ್ ಪೀಸು ಕೇಳುವವರು ಬಾಗಿಲ ಬೆಳಕಿಗೆ ಒಯ್ದು ಒಯ್ದು ನೋಡುವ ಬಣ್ಣ, ಹುಮನಾಬಾದಿನ ಈ ಕಣ್ಣಿನ ದವಾಖಾನೆಯಲ್ಲಿ ಫ್ಯಾನಿನ ಗಾಳಿಗೆ ಸುಮ್ಮನೆ ಅಲುಗಾಡುತ್ತಿದೆ, ಅದರ ಈಚೆ ಮಂಚದ ಮೇಲೆ ಒಂದು ಕಣ್ಣಿಗೆ ಪಟ್ಟಿ ಹಾಕಿಸಿಕೊಂಡು ಕೂತಿರುವವಳು ನನ್ನ ಸೂಗಮ್ಮತ್ತಿ, ಅಪ್ಪನ ಅಕ್ಕ, ತೊಡೆಯ ಮೇಲೆ ಹಳೇ ಬಟ್ಟೆಯ ತುಂಡು ಜೋಡಿಸಿ ಹೊಲಿದ ಕೌದಿ, ಬಸವಕಲ್ಯಾಣದಿಂದ ಬರುವಾಗ ಬಸ್ಸಿನಲ್ಲಿ ಅದನ್ನು ಕೆಳಗಿಡಲೂ ಇಲ್ಲ ಮಹಾರಾಯ್ತಿ, ಆ ಕೌದಿಯ ಮೂಲೆಯಲ್ಲಿ ನೀಲಿ ತುಂಡು, ನಾನು ನೋಡಬಾರದು ಅಂದುಕೊಂಡಷ್ಟೂ ಕಣ್ಣು ಅಲ್ಲಿಗೇ ಹೋಗುತ್ತದೆ – ಅವ್ವ ತೀರಿಕೊಂಡ ಮೇಲೆ ಮುಡಬಿಯ ಮನೆಯಲ್ಲಿ ಅತ್ತಿಯ ಮಡಿಲೇ ನನ್ನ ಜಾಗ, ಅವಳು ಹೊಲಿಯುತ್ತ ಒಂದು ಕೆಂಪು ತುಂಡಿನ ಮೇಲೆ ಬೆರಳಿಡುವಳು, ಇದು ನಮ್ಮ ಲೋಕ ನೋಡವಾ ಜಯಾ, ಇದರ ಬಾಜೂಕ ಇನ್ನೊಂದು ಲೋಕ, ಅದರ ಬಾಜೂಕ ಮತ್ತೊಂದು, ಎಲ್ಲಾ ಒಂದಽ ದಾರದಾಗ ಕೂಡ್ಯಾವ, ಬಣ್ಣ ಹೊಸಾದು ಹುಟ್ಟಂಗಿಲ್ಲ, ಇಲ್ಲಿ ಒಂದು ಸೀರಿ ಕೆಂಪಾತಂದ್ರ ಅಲ್ಲಿ ಯಾರ ಹಿತ್ತಲದಾಗೋ ದಾಸಾಳ ಹೂವು ಬಿಳಚ್ಕೋತದ, ಅದಕ್ಕ ಕೇಳಿ ತಗೋಬೇಕು, ಬೇಕಾದಷ್ಟಽ ತಗೋಬೇಕು, ತಗೊಂಡಿದ್ದು ಒಂದಿನ ತಿರುಗಿ ಕೊಡಬೇಕು. ಹೋಳಿಯ ದಿನ ನಾನು ಬಣ್ಣ ಎರಚುವ ಮೊದಲು ಆಕಾಶ ನೋಡಿ, ಸ್ವಲ್ಪ ತಗೋತೇನ್ರಿ, ಅಂದದ್ದಕ್ಕೆ ಓಣಿಯ ಹುಡುಗಿಯರು ಬಿದ್ದು ಬಿದ್ದು ನಕ್ಕರು, ನಗಲಿ, ಇವತ್ತಿಗೂ ಬಟ್ಟೆಗೆ ಕತ್ತರಿ ಹಾಕುವ ಮುಂಚೆ ಅದೇ ಮಾತು ತುಟಿಯೊಳಗೆ ಬರುತ್ತದೆ, ಜಯಮಾಲಾ ಕೊಟ್ಟ ಮ್ಯಾಚಿಂಗ್ ತಪ್ಪಂಗಿಲ್ಲ ಅಂತ ಹೆಂಗಸರು ಹೊಗಳಿದಾಗಲೆಲ್ಲ ನನಗೆ ಒಳಗೊಳಗೇ ನಾಚಿಕೆ, ಆ ಕಣ್ಣು ನನ್ನದಲ್ಲ, ನಾನು ಉಣ್ಣುವ ಅನ್ನವೇ ಅವಳ ಕಣ್ಣಿನದು.

ಆ ಕಣ್ಣಿಗೇ ಪೊರೆ ಬಂತಲ್ಲ. ಎರಡಕ್ಕೂ. ಒಲೆಯ ಉರಿ ಕಾಣದೆ ಸೆರಗು ಸುಟ್ಟುಕೊಂಡಳು, ನನ್ನನ್ನೇ ಪಕ್ಕದ ಮನೆಯವಳು ಅಂದುಕೊಂಡು ಬರ್ರಿ ಕೂಡ್ರಿ ಅಂದಳು, ಆದರೂ ಆಪರೇಷನ್ ಅಂದರೆ ಬ್ಯಾಡಂದ್ರ ಬ್ಯಾಡ, ನಾ ಕಡ ತಂದ ಬಣ್ಣ ತಿರುಗಿ ಹೊಂಟಾವ, ಅಲ್ಲಿ ಯಾವಾಕಿಗೋ ಕಣ್ಣು ಬರಾಕತ್ತಾವ, ಆಕೀ ಕಡಿಂದ ಕಸ್ಕೊಂಡು ಬರ್ಲೇನು? ಡಾಕ್ಟರು ಹೇಳಿ ಸೋತರು, ನಾನು ಬೈದು, ಕಣ್ಣೀರು ಹಾಕಿ ಸೋತೆ. ಆಮೇಲೆ ಈ ಕೌದಿ, ನನಗೆಂದು ಕೈತಡವಿ ಹೊಲಿದದ್ದು – ಅವಳ ಪ್ರತಿ ಕೌದಿಯ ಮೂಲೆಯಲ್ಲೂ ಒಂದು ಬಿಳಿ ತುಂಡು ಇರಲೇಬೇಕು, ಕಡ ಕೊಟ್ಟ ಲೋಕದವರು ಬಂದರೆ ಕೂಡಲಿಕ್ಕೆ ಅಂತ ಖಾಲಿ ಬಿಟ್ಟ ಜಾಗ – ಮಡಿಕೆ ಬಿಚ್ಚಿ ನೋಡುತ್ತೇನೆ, ಬಿಳಿ ಇಲ್ಲ, ತಿಳಿನೀಲಿ, ನಾನು ಮೊದಲ ದಿನ ಸಾಲಿಗೆ ಹಾಕಿಕೊಂಡು ಹೋದ ಅಂಗಿಯ ತುಂಡು, ಪೊರೆಗಣ್ಣಿಗೆ ಬಿಳಿಯಾಗಿ ಕಂಡಿದೆ. ಅತ್ತಿ, ಮೂಲ್ಯಾಗ ನೀಲಿ ಹಚ್ಚೀದಿ, ಬಂದವರು ಎಲ್ಲಿ ಕೂಡಬೇಕು, ಅಂದೆ. ಅವಳು ಬೆರಳಿಂದ ಮುಟ್ಟಿ ಮುಟ್ಟಿ ನೋಡಿದಳು, ಮುಖ ಬಾಡಿತು, ಅಯ್ಯ, ಅವರ ಜಾಗಾನೂ ನಾನಽ ನುಂಗಿದಂಗಾತಲ್ಲ. ನಾ ಬಿಚ್ಚತೇನಿ ಅಂದರೆ ಒಪ್ಪಲಿಲ್ಲ, ಹಚ್ಚಿದಾಕೀನಽ ಬಿಚ್ಚಬೇಕು, ನಡಿ, ಪೊರಿ ತೆಗಸು.

ಅವಳ ಧರ್ಮವೇ ಅವಳನ್ನು ಇಲ್ಲಿಗೆ ಕರೆತಂದಿತು, ಅದಕ್ಕೆ ಕೈ ಮುಗಿಯುತ್ತೇನೆ, ಆದರೆ ಪಟ್ಟಿ ತೆಗೆದಾಗ ಬೆಳಕು ಬಾರದಿದ್ದರೆ, ಬಂದರೆ ಮೊದಲು ಕೇಳುವುದು ಕತ್ತರಿಯನ್ನೇ, ಆ ನೀಲಿ ಬಿಚ್ಚಿ ಹೋಗುತ್ತದೆ, ಹೋಗಲಿ, ಅವಳು ಕಂಡರೆ ಸಾಕು, ಹೋಗಲಿ – ಪರದೆ ಸರಿಯಿತು, ನರ್ಸ್ ಫರಹತ್ ಬಂದಳು, ಹೆದರಬ್ಯಾಡ್ರಿ ಅಮ್ಮಾ, ಸಾವಕಾಶ ಕಣ್ಣು ತೆರೀರಿ, ಪಟ್ಟಿ ಕಳಚಿ ಬಂತು, ಅತ್ತಿ ರೆಪ್ಪೆ ಬಡಿದಳು, ಪರದೆ ನೋಡಿದಳು, ಕಿಟಕಿ ನೋಡಿದಳು, ಅಯ್ಯ ಶಿವನೇ, ಇಷ್ಟು ನೀಲಿ ಎಲ್ಲಿತ್ತವಾ, ಕಾಣುತ್ತಿದೆ, ಕಾಣುತ್ತಿದೆ ಅವಳಿಗೆ, ಫರಹತ್ ನಗುತ್ತಿದ್ದಾಳೆ, ನನಗೆ ಅವಳ ಕಾಲು ಹಿಡಿಯಬೇಕು ಅನ್ನಿಸುತ್ತದೆ, ಅತ್ತಿ ಕೌದಿಯ ಮೂಲೆ ಎಳೆದುಕೊಂಡಳು, ಉಗುರು ಹೊಲಿಗೆಯ ಕೆಳಗೆ ಹೋಯಿತು, ದಾರ ಬಿಗಿಯಾಯಿತು, ನಾನು ಬಾಗಿದೆ ತಡೆಯಲಿಕ್ಕೋ ನೋಡಲಿಕ್ಕೋ ಗೊತ್ತಿಲ್ಲ, ಅವಳ ಕಣ್ಣು ನನ್ನ ಕಿವಿಯ ಮೇಲಿನ ಕೂದಲಿಗೆ ಬಂದು ನಿಂತಿತು, ಇಷ್ಟು ದಿನ ಅವಳು ಕಾಣದ ನನ್ನ ನರೆ, ಯವ್ವಾ ಜಯಾ, ಬಿಳೀದು ಇಲ್ಲಿ ಬಂದು ಕೂತದಲ್ಲ, ನಿನ್ನ ಕರೀದು ಕೊಟ್ಟು ನನ್ನ ಕಡ ತೀರಸಾಕತ್ತಿಯೇನವಾ? ನಾನೆಲ್ಲಿ ತೀರಿಸಿದೆ ಅತ್ತಿ, ತೀರಿಸಲಿಕ್ಕಾಗುವಂಥದ್ದೇನು ನೀನು ಕೊಟ್ಟದ್ದು, ಅನ್ನುವಷ್ಟರಲ್ಲಿ ಅತ್ತಿಯೇ, ಇರಲಿ ಬಿಡು, ಬಂದವರಿಗೆ ಬಿಳಿ ಜಾಗಾ ಇಲ್ಲಿ ಆತು, ನೀಲಿ ಬಿಚ್ಚಂಗಿಲ್ಲ, ಅನ್ನುತ್ತಾಳೆ, ಉಗುರು ಹೊಲಿಗೆಯಿಂದ ಹೊರಗೆ ಬಂತು, ಹೆಬ್ಬೆರಳು ದಾರವನ್ನು ಒತ್ತಿ ಕೂಡಿಸುತ್ತಿದೆ, ಮೂಲೆಯಲ್ಲಿ ಅವಳ ಹೆಬ್ಬೆರಳು, ಅದರ ಕೆಳಗೆ ನೀಲಿ, ನೀಲಿ