ಬಿಕ್ಕೆಗೆ ಬಾಳೆಯ ನೀರು

ಅಣವೀರಪ್ಪನಿಗೆ ಸುಮ್ಮನೆ ಕೂತು ಗೊತ್ತೇ ಇರಲಿಲ್ಲ. ಕಮಲಾಪುರದಲ್ಲಿ ಅವನಷ್ಟು ಚೆನ್ನಾಗಿ ಕೆಂಪು ಬಾಳೆ ಬೆಳೆಯುವವರಿಲ್ಲ ಎಂಬುದು ನಿಜ. ಆದರೆ ಆ ಬಾಳೆಗೂ ದಿನಕ್ಕೆ ನಾಲ್ಕು ಸಲ ಅವನ ಕಾಟ ತಪ್ಪುತ್ತಿರಲಿಲ್ಲ. ಅಂಥವನ ಕಿವಿಗೆ ಸುದ್ದಿಯೊಂದು ಬಿತ್ತು. ನಿಜಾಮ ಸರಕಾರದ ಹೊಸ ರಸ್ತೆಗಾಗಿ ಊರ ಹಿಂದಿನ ಕಲ್ಲುಗುಡ್ಡವನ್ನು ಅಮಾವಾಸ್ಯೆಯ ಮರುದಿನದಿಂದ ಒಡೆಯುತ್ತಾರಂತೆ.

ಆ ಗುಡ್ಡದ ಬಂಡೆಸಂದಿಯಲ್ಲಿ ಮೂರು ಬಿಕ್ಕೆ ಗಿಡಗಳಿದ್ದವು. ಸುತ್ತ ಹತ್ತು ಹಳ್ಳಿ ತಿರುಗಿದರೂ ನಾಲ್ಕನೆಯದು ಸಿಗುತ್ತಿರಲಿಲ್ಲ. ಬೇಸಿಗೆಯಲ್ಲಿ ಬೆಳ್ಳಗೆ ಅರಳಿ ಆಮೇಲೆ ಹಳದಿಯಾಗುವ ಹೂವು. ಅವನ ಹೆಂಡತಿ ಭೀಮಬಾಯಿ ಅದರ ಚಿಗುರಿನ ತುದಿಯ ಅಂಟನ್ನು ಉಗುರಿನಿಂದ ಕೆರೆದು ತಂದು, ಹೊಟ್ಟೆನೋವೆಂದು ಅಳುವ ಓಣಿಯ ಕೂಸುಗಳಿಗೆ ತೇದು ಕೊಡುತ್ತಿದ್ದಳು. ತಮ್ಮ ಮಗಳು ಉಳಿದದ್ದೂ ಅದರಿಂದಲೇ ಎಂದು ಗಂಡ ಹೆಂಡತಿ ಇಬ್ಬರೂ ನಂಬಿದ್ದರು.

"ಕಿತ್ತು ತೋಟಕ್ಕ ತರ್ತೀನಿ," ಎಂದ.

"ತಡೀರಿ. ರಸ್ತಾದ ಕೆಲಸ ಮಾಡ್ಸೋ ಮುಕಾದಮರು ಬಂದಾರಂತ, ಕೇಳಿ ನೋಡೋಣ."

"ಕೇಳ್ಕೋತ ಕುಂದರ್ಲೇನು?" ಎಂದವನು ಆಗಲೇ ಹಾರೆ ಹೊತ್ತು ಅಂಗಳ ದಾಟಿದ್ದ.

ಚಿಕ್ಕದೊಂದನ್ನು ಬೇರುಸಮೇತ ಎಬ್ಬಿಸಿ ತಂದ. ಇದು ಚಿಗುರಿದರೆ ಉಳಿದೆರಡನ್ನೂ ತರುವುದೆಂದು ಅವನ ಎಣಿಕೆ. ತೋಟದ ಕಪ್ಪು ಮಣ್ಣಿನಲ್ಲಿ, ಬಾಳೆಯ ಪಕ್ಕದಲ್ಲೇ ನೆಟ್ಟು, ಗೊಬ್ಬರ ಹಾಕಿ, ದಿನಕ್ಕೆರಡು ಬಾರಿ ಕಾಲುವೆ ತಿರುಗಿಸಿದ. ಐದನೆಯ ದಿನ ಎಲೆ ಬಾಡಿದವು. ನೀರು ಸಾಲದೆಂದು ಇನ್ನಷ್ಟು ಹಾಯಿಸಿದ. ಎಂಟನೆಯ ದಿನ ಎಲೆ ಉದುರಿದವು.

ಅಮಾವಾಸ್ಯೆಗೆ ಎರಡೇ ದಿನ ಉಳಿದಿತ್ತು. ಗಿಡಕ್ಕೇನಾಯಿತೆಂದು ತಿಳಿಯಲು ಬಾಳೆಗೊನೆಯ ಬಂಡಿ ಹತ್ತಿ ಕಲಬುರ್ಗಿಗೆ ಹೊರಟ. ಬಂಡಿಯಲ್ಲೂ ಕೂರಲಾರದೆ ಅರ್ಧ ದಾರಿ ಎತ್ತುಗಳ ಮುಂದೆ ನಡೆದ. ಶಹಾಬಜಾರದಲ್ಲಿ ಗಿಡಮೂಲಿಕೆ ಮಾರುವ ಖಮರುದ್ದೀನ್ ಸಾಹೇಬರು ಅವನು ತಂದ ಸತ್ತ ಬಿಕ್ಕೆಯ ಕಡ್ಡಿಯನ್ನು ಮೂಸಿ ನೋಡಿದರು.

"ನೀರು ಎಷ್ಟ್ ಹಾಕೀರಿ?"

"ಬಾಳಿಗಿ ಹಾಕಿದಷ್ಟ ರೀ ಸಾಹೇಬ್ರ. ಮ್ಯಾಲ ಒಂದಿಷ್ಟು."

"ಅರೆ ಭಾಯಿ, ಕಲ್ಲಾಗ ಹುಟ್ಟಿದ್ದನ್ನ ಕೆಸರಾಗ ನಿಂದರ್ಸಿದ್ರ ಬೇರು ಕೊಳೀದೆ ಏನಾಗ್ತದ? ಮುಳುಗ್ಸಿ ಕೊಂದೀರಿ ನೋಡ್ರಿ."

ಅಣವೀರಪ್ಪನಿಗೆ ತನ್ನ ಕೈಗಳ ಮೇಲೆಯೇ ಸಿಟ್ಟು ಬಂತು.

ಅವನು ಊರು ಮುಟ್ಟುವಾಗ ಅಮಾವಾಸ್ಯೆ ಕಳೆದಿತ್ತು. ಗುಡ್ಡದಿಂದ ಸುತ್ತಿಗೆಯ ಸದ್ದು ಕೇಳುತ್ತಿತ್ತು. ಮನೆಗೂ ಹೋಗದೆ ಓಡಿದ. ದಾರಿಯ ಬಾವಿ ಕಂಡದ್ದೇ ತಡ, ಯಾರದೋ ಕೊಡ ತುಂಬಿ ಹೆಗಲಿಗೇರಿಸಿಕೊಂಡ. ಏಕೆಂದು ಕೇಳಿದ್ದರೆ ಅವನಿಗೂ ಹೇಳಲು ಬರುತ್ತಿರಲಿಲ್ಲ.

ಗುಡ್ಡದ ಒಂದು ಮಗ್ಗುಲು ಬಾಯಿ ತೆರೆದು ಬಿದ್ದಿತ್ತು. ಒಂದು ಬಂಡೆಯನ್ನು ಮಾತ್ರ ಯಾರೂ ಮುಟ್ಟಿರಲಿಲ್ಲ. ಅದರ ಸಂದಿಯಲ್ಲಿ ಎರಡೂ ಬಿಕ್ಕೆ ಬೆಳ್ಳಗೆ ಅರಳಿದ್ದವು. ಪಕ್ಕದಲ್ಲಿ ಭೀಮಬಾಯಿ ಕೂತಿದ್ದಳು.

"ಹೆಂಗ ಬಿಟ್ರು?"

"ಮುಕಾದಮ ಲಾಲ್ ಅಹ್ಮದರ ಕೂಸಿಗಿ ಹೊಟ್ಟಿನೋವಿತ್ತು. ಅಂಟು ತೇದು ಕೊಟ್ಟೆ. ಈ ಕಲ್ಲೊಂದು ಬಿಡ್ರಿ ಅಂದೆ. ಹೂಂ ಅಂದ್ರು."

"ಅಷ್ಟೇನಾ?"

"ಅಷ್ಟೇ."

ಕೇಳಿದ್ದರೆ ಮೂರೂ ಉಳಿಯುತ್ತಿದ್ದವು.

"ಒಂದು ನಾ ಕೊಂದೆ," ಎಂದ.

"ಗೊತ್ತದ. ಮೊದಲ ಆ ಕೊಡ ಕೆಳಗಿಡ್ರಿ."